ಕಾರಣ ಹುಟ್ಟಿದ ಸ್ಥಳ

'ಹಾಸಿಗೆ ಇದ್ದಷ್ಟು ಕಾಲು ಚಾಚು' ಎಂದ ಹಿರಿಯರು ನಮ್ಮ ಕೆಳಗಿನ ಮನೆಯವರನ್ನು ನೋಡಿರಲಿಲ್ಲ. ನೋಡಿದ್ದರೆ, ಹಾಸಿಗೆಯೇ ಇಲ್ಲದವರು ಕಾಲನ್ನು ಏನು ಮಾಡಬೇಕು ಎಂದೂ ಒಂದು ಮಾತು ಹೇಳಿ ಹೋಗುತ್ತಿದ್ದರು. ಕೆಳಗಿನ ಮನೆಯವರದು ಹಾಸಿಗೆ ವ್ಯಾಪಾರ. ಮುಂದೆ ಅಂಗಡಿ, ಹಿಂದೆ ಮನೆ, ನಡುವೆ ಒಂದು ಪರದೆ. ಹತ್ತಿಯ ಎಳೆ ಮಾತ್ರ ಆ ಪರದೆಯನ್ನು ಲೆಕ್ಕಕ್ಕೇ ಇಡದೆ ಎರಡೂ ಕಡೆ ಹಾರಾಡಿಕೊಂಡಿರುತ್ತದೆ. ಮಹಡಿಯ ಮೇಲೆ ಬಾಡಿಗೆಗಿರುವವನು ನಾನು. ಶಾಲೆಯಲ್ಲಿ ವ್ಯಾಕರಣ ಹೇಳಿಕೊಡುತ್ತೇನೆ. ನನ್ನ ಹತ್ತಿರ ಒಂದು ಸ್ಕೂಟರ್ ಇದೆ. ಈ ಇಡೀ ಪ್ರಕರಣದಲ್ಲಿ ನನ್ನ ವ್ಯಾಕರಣ ಯಾರಿಗೂ ಬೇಕಾಗಲಿಲ್ಲ. ಸ್ಕೂಟರ್ ಎಲ್ಲರಿಗೂ ಬೇಕಾಯಿತು.

ಆದದ್ದಿಷ್ಟು. ಹೊಳೆಯಾಚೆಯ ಊರಿನ ಲಾಡ್ಜ್ ಮಾಲೀಕ ಒಂದು ಮಧ್ಯಾಹ್ನ ಅಂಗಡಿಗೆ ಬಂದ. ಬಾಗಿಲ ಬಳಿ, ಗಿರಾಕಿಗಳಿಗೆ ಕಾಣಲೆಂದು ಹಾಸಿದ್ದ ಹಾಸಿಗೆಯ ಮೇಲೆ ಹಾಸಿಗೆಯವರ ಭಾವಮೈದ ಮಲಗಿದ್ದ. ಈ ಭಾವಮೈದನ ಬಗ್ಗೆ ಹೇಳುವುದು ಹೆಚ್ಚಿಲ್ಲ. ಅಕ್ಕನ ಮನೆಗೆ ನಾಲ್ಕು ದಿನಕ್ಕೆಂದು ಬಂದ, ಮಲಗಿದ, ಇನ್ನೂ ಎದ್ದಿಲ್ಲ. ಲಾಡ್ಜಿನವನು ನಲವತ್ತು ಹಾಸಿಗೆ ಬೇಕೆಂದ, ದುಡ್ಡು ತಿಂಗಳೊಳಗೆ ಇಲ್ಲಿಗೇ ತಂದು ಕೊಡುತ್ತೇನೆ ಎಂದ, ಹೋದ. ಬಿಲ್ಲಿಲ್ಲ, ಬರಹವಿಲ್ಲ. ಹಾಸಿಗೆಯವರ ಪ್ರಕಾರ ಮಾತೇ ಬಿಲ್ಲು. ಆ ಮಾತಿಗೆ ಇದ್ದ ಒಬ್ಬನೇ ಸಾಕ್ಷಿ ಗೊರಕೆ ಹೊಡೆಯುತ್ತಿದ್ದ.

ಮೂವತ್ತೊಂಬತ್ತು ಹಾಸಿಗೆ ಹೊಲಿಯುವಷ್ಟರಲ್ಲಿ ಹತ್ತಿ ಮುಗಿಯಿತು. ಗಾಡಿ ಬಾಗಿಲಲ್ಲಿ ನಿಂತಿತ್ತು. ಬಾಗಿಲ ಬಳಿಯ ಹಾಸಿಗೆಯಿಂದ ಭಾವಮೈದ ಏಳಲಿಲ್ಲ. ಹೆಂಡತಿ ಸ್ನಾನಕ್ಕೆ ಹೋಗಿದ್ದರು. ಹಾಸಿಗೆಯವರು ಒಳಗೆ ಹೋಗಿ, ಮದುವೆಯಾದ ವರ್ಷ ತಾವೇ ಕೈಯಾರೆ ಹೊಲಿದುಕೊಟ್ಟಿದ್ದ ಹೆಂಡತಿಯ ಹಾಸಿಗೆಯನ್ನು ಸುತ್ತಿ, ಹೊಸ ಹೊದಿಕೆ ತೊಡಿಸಿ ಗಾಡಿಗೆ ಹಾಕಿಬಿಟ್ಟರು. ಆಕೆ ಸ್ನಾನ ಮುಗಿಸಿ ಬಂದಾಗ "ಒಂದು ವಾರ ಕಣೇ, ದುಡ್ಡು ಬಂದ ತಕ್ಷಣ ಇದಕ್ಕಿಂತ ಒಳ್ಳೇದು ಹೊಲಿದು ಕೊಡ್ತೀನಿ" ಎಂದರು.

ಹಾಸಿಗೆ ಹೋಯಿತು. ದುಡ್ಡು ಬರಲಿಲ್ಲ. ದುಡ್ಡಿಲ್ಲದೆ ಹತ್ತಿ ಬರಲಿಲ್ಲ. ಹತ್ತಿಯಿಲ್ಲದೆ ಹಾಸಿಗೆ ಆಗಲಿಲ್ಲ. ಅಂಗಡಿಯಲ್ಲಿ ಉಳಿದಿದ್ದ ಆ ಒಂದೇ ಒಂದು ಹಾಸಿಗೆಯ ಮೇಲೆ ಭಾವಮೈದ ಮಲಗಿದ್ದ. ಹಾಸಿಗೆಯವರ ಹೆಂಡತಿ ಬರಿ ನೆಲದ ಮೇಲೆ ಮಲಗತೊಡಗಿದರು. ಬೆಳಿಗ್ಗೆ ಏಳುವಾಗ ಸೊಂಟ ಹಿಡಿದು ಅವರು ಅನ್ನುವ "ಅಯ್ಯೋ" ಮಹಡಿಯ ತನಕ ಕೇಳುತ್ತಿತ್ತು. ತಮ್ಮನ ಹಾಸಿಗೆಯಲ್ಲಿ ಮಲಗಿ ಎಂದರೆ ಕೇಳರು. "ನಂಗೆ ನಂದೇ ಬೇಕು. ಅದಕ್ಕೆ ನನ್ನ ಬೆನ್ನು ಗೊತ್ತು" ಎನ್ನುವರು. ಗಾಡಿಗಟ್ಟಲೆ ಹಾಸಿಗೆ ಮಾಡಿದವನ ಹೆಂಡತಿ ನೆಲದ ಮೇಲೆ! ನನಗೆ ನಿಜವಾಗಿ ಸಂಕಟವಾಗುತ್ತಿತ್ತು.

ಹಾಸಿಗೆಯವರಿಗೂ ಆಗುತ್ತಿತ್ತು. ಆದರೆ ಅವರು ಸಂಕಟವನ್ನು ಭಾವಮೈದನ ಮೇಲೆ ತೀರಿಸಿಕೊಳ್ಳುತ್ತಿದ್ದರು. "ಎಲ್ಲಾದಕ್ಕೂ ಇವನೇ ಕಾರಣ! ಇವನು ಅಲ್ಲಿ ಹಾಗೆ ಮಲಗಿರದಿದ್ರೆ ಆ ಲಾಡ್ಜಿನವನು ಒಳಗೇ ಬರ್ತಿರಲಿಲ್ಲ!" ದಿನಕ್ಕೆ ಹತ್ತು ಸಲ ಹೀಗೆ ಅಂದೂ ಅಂದೂ ಅವನ ಹೆಸರೇ ಕಾರಣ ಎಂದಾಗಿ ಹೋಯಿತು. ಕಾರಣ ಎದ್ದ, ಕಾರಣ ಉಂಡ, ಕಾರಣ ಮತ್ತೆ ಮಲಗಿದ. ಕಾರಣ ಎಂಬುದು ನಪುಂಸಕಲಿಂಗ, ಸ್ವಾಮಿ. ನಾನು ಇಷ್ಟು ವರ್ಷ ಪಾಠ ಹೇಳಿದ್ದೇನೆ. ನಮ್ಮ ಮನೆಯಲ್ಲಿ ಮಾತ್ರ ಅದು ಪುಲ್ಲಿಂಗವಾಗಿ ಗೊರಕೆ ಹೊಡೆಯುತ್ತಿತ್ತು.

ಕೊನೆಗೆ ಲಾಡ್ಜಿನವನಿಂದ ಫೋನು ಬಂತು. "ದುಡ್ಡು ಕೊಡಲ್ಲ. ಧೈರ್ಯ ಇದ್ರೆ ನಮ್ಮೂರ ಕೋರ್ಟಿಗೆ ಬಂದು ಕೇಸ್ ಹಾಕಿ" ಎಂದ. ಅವನ ಧೈರ್ಯಕ್ಕೆ ಅರ್ಥವಿತ್ತು. ಆ ಊರಿನಲ್ಲಿ ಎದುರಿಗೆ ಸಿಕ್ಕಿದ ಮೂವರಲ್ಲಿ ಇಬ್ಬರು ಅವನ ನೆಂಟರು, ಮೂರನೆಯವನು ಅವನ ಬಾಡಿಗೆದಾರ.

"ಮೇಷ್ಟ್ರೇ, ಸ್ಕೂಟರ್ ತೆಗೀರಿ" ಎಂದರು ಹಾಸಿಗೆಯವರು. ಹಿಂದಿನಿಂದ ಅವರ ಹೆಂಡತಿ, "ರೀ, ನಂಗೆ ಕೋರ್ಟೂ ಬೇಡ ಕಚೇರಿನೂ ಬೇಡ. ನನ್ನ ಹಾಸಿಗೆ ತಂದುಕೊಡಿ ಸಾಕು" ಎಂದದ್ದು ನನಗೆ ಕೇಳಿಸಿತು. ಅವರಿಗೆ ಕೇಳಿಸಲಿಲ್ಲ.

ಲಾಯರು ಒಂದು ಕಿವಿಯನ್ನು ಫೋನಿಗೆ ಕೊಟ್ಟು ಇನ್ನೊಂದನ್ನು ನಮಗೆ ಕೊಟ್ಟರು. ಎರಡೂ ಕಿವಿಗೆ ಒಂದೇ ಬಾಯಿ.

"ನೋಡಿ, ದುಡ್ಡು ವಸೂಲಿ ದಾವೆ ಅಂದ್ರೆ ದುಡ್ಡಿನ ಮಾತು ಆಮೇಲೆ. ಯಾವ ಕೋರ್ಟಿನ ವ್ಯಾಪ್ತಿಗೆ ಬರುತ್ತೆ ಅನ್ನೋದು ಮೊದಲು. ಪ್ರತಿವಾದಿ ಎಲ್ಲಿ ವಾಸ ಇದ್ದಾನೋ ಅಲ್ಲಿ ಹಾಕಬಹುದು."

"ಅವನು ಆ ಕಡೆ ಸಾರ್. ಅಲ್ಲಿ ಕ್ಯಾಂಟೀನಿನ ಲೋಟ ಕೂಡ ಅವನ ಕಡೇದೇ."

"ಹಾಗಾದ್ರೆ ಇನ್ನೊಂದು ದಾರಿ. ಕಾರಣ ಎಲ್ಲಿ ಹುಟ್ಟಿತೋ ಆ ಊರಲ್ಲಿ ಹಾಕಬಹುದು. ಕಾರಣ ಎಲ್ಲಿ ಹುಟ್ಟಿದ್ದು?"

ಹಾಸಿಗೆಯವರು ಕಣ್ಣರಳಿಸಿ ನನ್ನ ಕಡೆ ನೋಡಿದರು. "ಸಾರ್, ಕಾರಣ... ನಿಮಗೆ ಹೇಗೆ ಗೊತ್ತು?"

"ಕಾರಣ ಇಲ್ಲದೆ ದಾವೆ ಎಲ್ಲಿ ಬರುತ್ತೆ ರೀ? ಕಾರಣವೇ ದಾವೆಗೆ ಬುಡ."

"ಬುಡವೇ ಸಾರ್! ಎಲ್ಲಾದಕ್ಕೂ ಅದೇ ಬುಡ!"

ನಾನು ಬಾಯಿ ಹಾಕಿದೆ: "ಹಾಸಿಗೆಯವರೇ, ಅವರು ಹೇಳ್ತಿರೋದು ದಾವೆಗೆ ಕಾರಣವಾದ ಸಂಗತಿ..."

"ಮೇಷ್ಟ್ರೇ, ಸುಮ್ನಿರಿ. ಇದು ಶಾಲೆಯಲ್ಲ" ಎಂದರು ಹಾಸಿಗೆಯವರು. ಲಾಯರು ಫೋನಿಗೆ "ಹೂಂ" ಎಂದು, ನಮ್ಮ ಕಡೆ ತಿರುಗಿ, "ಪೂರ್ತಿ ಈ ಕಡೆ ಹುಟ್ಟಿರಬೇಕು ಅಂತಿಲ್ಲ. ಭಾಗಶಃ ಹುಟ್ಟಿದ್ರೂ ನಡೆಯುತ್ತೆ" ಎಂದರು.

"ಭಾಗಶಃ ಅಂದ್ರೆ?"

"ಸ್ವಲ್ಪ ಇಲ್ಲಿ, ಸ್ವಲ್ಪ ಅಲ್ಲಿ. ಸಾಕ್ಷಿ ಇದ್ದಾರಾ?"

"ನಮ್ಮ ಅತ್ತೆ ಇದ್ದಾರೆ ಸಾರ್."

"ಕಣ್ಣಾರೆ ನೋಡಿದ್ದಾರಾ?"

"ನೋಡೋದೇನು ಸಾರ್, ಅವರಿಂದಲೇ ಆಗಿದ್ದು!"

"ಭೇಷ್! ಹಾಗಾದ್ರೆ ಅವರೇ ನಮ್ಮ ಮುಖ್ಯ ಸಾಕ್ಷಿ. ಹೋಗಿ, ದಾಖಲೆ ತನ್ನಿ."

ದಾರಿಯುದ್ದಕ್ಕೂ ಸ್ಕೂಟರಿನ ಹಿಂದೆ ಕೂತು ಹಾಸಿಗೆಯವರು ಕಾನೂನನ್ನು ಹೊಗಳಿದರು. "ಎಂಥ ಕರುಣೆ ನೋಡಿ ಮೇಷ್ಟ್ರೇ, ಅರ್ಧ ಹುಟ್ಟಿದವರಿಗೂ ಜಾಗ ಇಟ್ಟಿದ್ದಾರೆ! ಲಾಯರು ಅವನನ್ನ 'ಹುಟ್ಟಿತು' ಅಂತಾನೇ ಅಂದ್ರು, ಗಮನಿಸಿದ್ರಾ? ಮುಖಾನೂ ನೋಡಿಲ್ಲ, ಎಷ್ಟು ಸರಿಯಾಗಿ ತಿಳ್ಕೊಂಡಿದ್ದಾರೆ!" ನಾನು ಸ್ಕೂಟರ್ ನಿಲ್ಲಿಸಿ ಮತ್ತೊಮ್ಮೆ ಬಿಡಿಸಿ ಹೇಳಿದೆ. ಅವರು ಕನಿಕರದಿಂದ ನನ್ನ ಭುಜ ತಟ್ಟಿದರು.

ಪುರಸಭೆಯಲ್ಲಿ ಜನನ ಮರಣದ ಗುಮಾಸ್ತ ಮರಣದ ಕೆಲಸ ಮುಗಿಸಿ ಜನನಕ್ಕೆ ಕೈ ಹಾಕುತ್ತಿದ್ದ.

"ಯಾರ ಜನನ ಪತ್ರ?"

"ಕಾರಣಂದು."

"ಕಾರಣ ಆಮೇಲೆ ಹೇಳಿ. ಮೊದಲು ಯಾರದು ಹೇಳಿ."

"ಅದೇ ಹೇಳಿದ್ನಲ್ಲ, ಕಾರಣಂದು!"

"ಏನ್ರೀ ಕಾರಣ?"

"ಏನಲ್ಲ, ಯಾರು. ನಮ್ಮನೆ ಕಾರಣ."

"ಮನೆ ಕಾರಣ ಎಲ್ಲರಿಗೂ ಇರುತ್ತೆ ಸ್ವಾಮಿ. ನಮ್ಮನೇಲೂ ಇದೆ."

"ನಿಮ್ಮನೇಲೂ ಇದ್ದಾನಾ?" ಹಾಸಿಗೆಯವರ ದನಿ ತಗ್ಗಿತು. "ಹೆಂಡತಿ ಕಡೆಯವನಾ?"

ಗುಮಾಸ್ತ ಅತ್ತಿತ್ತ ನೋಡಿದ. ಲೇಖನಿ ಕೆಳಗಿಟ್ಟ. "ಹೆಂಡತಿ ಅಣ್ಣ" ಎಂದ.

"ಮಲಗಿರ್ತಾನಾ?"

"ಯಾವಾಗ್ಲೂ" ಎಂದ ಗುಮಾಸ್ತ.

ಆಮೇಲೆ ಅವನು ಅರ್ಜಿಯನ್ನೂ ಕೇಳಲಿಲ್ಲ, ನಾಳೆ ಬಾ ಎಂದೂ ಅನ್ನಲಿಲ್ಲ. ಹಳೆಯ ದಫ್ತರಗಳನ್ನು ತಾನೇ ಹೊತ್ತು ತಂದು ಧೂಳು ಊದಿ ಹುಡುಕಿದ. ಕಚೇರಿಯೊಂದರಲ್ಲಿ ಮನುಷ್ಯತ್ವ ಹೀಗೆ ಉಕ್ಕಿ ಹರಿದದ್ದನ್ನು ನಾನು ಕಂಡದ್ದು ಅದೇ ಮೊದಲು. ಆದರೆ ಭಾವಮೈದನ ಜನನ ಅಲ್ಲೆಲ್ಲೂ ಇರಲಿಲ್ಲ. "ಈ ಊರಲ್ಲಿ ಹುಟ್ಟೇ ಇಲ್ಲ ಸ್ವಾಮಿ" ಎಂದ ಗುಮಾಸ್ತ, ತಾನೇ ತಪ್ಪು ಮಾಡಿದವನಂತೆ.

ಹಾಸಿಗೆಯವರ ಮುಖ ಹಿಂಡಿದ ಬಟ್ಟೆಯ ಹಾಗಾಯಿತು. ನೇರ ಅತ್ತೆಯ ಮನೆಗೆ ಹೋದೆವು. ಅತ್ತೆ ಕುರ್ಚಿಯಲ್ಲಿ ಬೆನ್ನು ನೆಟ್ಟಗೆ ಮಾಡಿ ಕೂತಿದ್ದರು. ಮಗನ ಮಾತು ಬಂದರೆ ಅವರು ಹಾಗೇ ಕೂರುವುದು.

"ಅತ್ತೆ, ನಿಮ್ಮ ಮಗ ಹುಟ್ಟಿದ್ದು ಎಲ್ಲಿ?"

"ಎಷ್ಟು ಸಲ ಹೇಳಿದೀನಿ ಅಳಿಯಂದ್ರೇ! ದೊಡ್ಡ ನರ್ಸಿಂಗ್ ಹೋಮಲ್ಲಿ. ಸುತ್ತ ಜನವೋ ಜನ."

"ಯಾವ ನರ್ಸಿಂಗ್ ಹೋಮು?"

"ಈಗ ಇಲ್ಲ ಅದು. ನಿಂತುಹೋಯ್ತು."

"ಎಲ್ಲಿತ್ತು?"

ಅತ್ತೆ ಕಿಟಕಿಯ ಕಡೆ ನೋಡಿದರು. "ಒಂದೇ ಕಡೆ ಇರ್ತಿರಲಿಲ್ಲ."

"ಅಂದ್ರೆ?"

"ಓಡಾಡ್ತಿತ್ತು."

"ಅತ್ತೆ, ನರ್ಸಿಂಗ್ ಹೋಮಿಗೆ ಚಕ್ರ ಇತ್ತಾ?"

"ಆರಿತ್ತು ಕಣಪ್ಪಾ!" ಎಂದು ಅತ್ತೆ ಸೆರಗಿನಿಂದ ಮುಖ ಮುಚ್ಚಿಕೊಂಡರು. "ಬಸ್ಸಲ್ಲಿ ಹುಟ್ಟಿದ! ಆ ಕಡೆ ಆಸ್ಪತ್ರೆಗೆ ಅಂತ ಹೊರಟಿದ್ದೆ. ಸೇತುವೆ ಮೇಲೆ ಹೆರಿಗೆ ಆಗೋಯ್ತು. ಈಗ ನೀವು ಊರಿಗೆಲ್ಲ ಡಂಗುರ ಹೊಡೀರಿ!"

ಮಗನ ಘನತೆಗೆಂದು ಕಟ್ಟಿದ್ದ ಆ ಆಸ್ಪತ್ರೆ ಒಂದೇ ಮಾತಿಗೆ ಕುಸಿದುಬಿತ್ತು. ನಾನಾದರೂ ಮರುಗಿದೆ. ಹಾಸಿಗೆಯವರು ಮಾತ್ರ ಕುಣಿದಾಡಿದರು. "ಸೇತುವೆ ಮೇಲೆ! ಮೇಷ್ಟ್ರೇ, ಸೇತುವೆ! ಅರ್ಧ ನಮ್ದು, ಅರ್ಧ ಅವರದು! ಭಾಗಶಃ! ಭಾಗಶಃ!"

ಅಂದಿನ ಬಸ್ಸಿನ ಕಂಡಕ್ಟರ್ ನಿವೃತ್ತನಾಗಿ ನಮ್ಮ ಬೀದಿಯಲ್ಲೇ ಇದ್ದ. ಕೊರಳಲ್ಲಿ ಈಗಲೂ ಸೀಟಿ. ಮನೆಯಲ್ಲಿ ಕಾಫಿ ಬೇಕೆಂದರೂ ಒಂದು ಸಲ ಊದುತ್ತಾನಂತೆ. ವಿಷಯ ಕೇಳಿದ್ದೇ ಎದ್ದು ನಿಂತ.

"ಮರೆಯೋಕಾಗುತ್ತಾ ಸ್ವಾಮಿ? ಸೇತುವೆ ನಡುವಿನ ಕಂಬಕ್ಕೆ ಸ್ಟೇಜ್ ಬದಲಾಗುತ್ತೆ. ಅಲ್ಲಿಂದಾಚೆಗೆ ಟಿಕೆಟ್ ರೇಟೇ ಬೇರೆ. ಕಂಬದ ಈ ಕಡೆ ಇದ್ದಾಗ ತಲೆ ಬಂತು ಅಂತ ಹೆಂಗಸರು ಕೂಗಿದ್ರು. ನಾನು ಸೀಟಿ ಊದಿದೆ. ಡ್ರೈವರ್ ಬ್ರೇಕ್ ಹಾಕೋದ್ರೊಳಗೆ ಬಸ್ಸು ಕಂಬ ದಾಟಿತ್ತು, ಕಾಲು ಬಂದಿತ್ತು. ತಲೆ ಒಂದು ಸ್ಟೇಜು, ಕಾಲು ಇನ್ನೊಂದು ಸ್ಟೇಜು. ಟಿಕೆಟ್ ಎಲ್ಲಿಂದ ಕೊಡ್ಬೇಕಿತ್ತು ಅಂತ ಇವತ್ತಿಗೂ ನಂಗೆ ಗೊತ್ತಾಗಿಲ್ಲ ನೋಡಿ!"

"ಸ್ಥಳದಲ್ಲೇ ತೋರಿಸ್ತೀರಾ?"

"ಯಾಕಾಗಬಾರದು? ನಡೀರಿ!"

ಮರುದಿನ ಬೆಳಿಗ್ಗೆ ಸೇತುವೆಯ ಮೇಲೆ ಸ್ಥಳ ಪರಿಶೀಲನೆ. ಹಾಸಿಗೆಯವರು, ಅತ್ತೆ, ಕಂಡಕ್ಟರ್, ನನ್ನ ಸ್ಕೂಟರ್ ಮತ್ತು ಎಬ್ಬಿಸಿ ಕರೆತಂದ ಕಾರಣ. ಬೀದಿಯವರೂ ಕೆಲವರು ಬಂದಿದ್ದರು. ಎತ್ತು ಈಯಿತು ಎಂದರೆ ಕೊಟ್ಟಿಗೆಗೆ ಕಟ್ಟು ಎನ್ನುವ ಜನ ನಮ್ಮ ಬೀದಿಯಲ್ಲಿ ಧಾರಾಳವಾಗಿದ್ದಾರೆ. ಸೇತುವೆಯ ಕಂಬದಲ್ಲಿ ಎರಡೂ ಊರಿನ ಗಡಿಯನ್ನು ಬಣ್ಣದಲ್ಲಿ ಬರೆದಿದ್ದರು. ಕಂಡಕ್ಟರ್ ಸೀಟಿ ಊದಿ, "ತಲೆ ಇಲ್ಲಿ! ಕಾಲು ಅಲ್ಲಿ!" ಎಂದು ತೋರಿಸಿದ.

"ಮಲಗೋ" ಎಂದರು ಹಾಸಿಗೆಯವರು.

ಆ ಒಂದು ಮಾತನ್ನು ಯಾರು ಹೇಳಿದರೂ ಕಾರಣ ಎರಡನೆಯ ಸಲ ಹೇಳಿಸಿಕೊಂಡವನಲ್ಲ. ಅಡ್ಡಡ್ಡ ಅಲ್ಲ, ಉದ್ದಕ್ಕೆ ಮಲಗಿದ. ತಲೆ ನಮ್ಮ ಕಡೆ, ಕಾಲು ಆಚೆ ಕಡೆ. ಹಾಸಿಗೆಯವರು ಸೀಮೆಸುಣ್ಣದಲ್ಲಿ ಅವನ ಸುತ್ತ ಗೆರೆ ಎಳೆದು ಮುಗಿಸುವಷ್ಟರಲ್ಲಿ ಕಾರಣನಿಗೆ ನಿದ್ದೆ ಹತ್ತಿತ್ತು. ಹಿಂದೆ ಮುಂದೆ ಗಾಡಿಗಳು ನಿಂತು ಹಾರನ್ ಹೊಡೆಯತೊಡಗಿದವು.

ನಮ್ಮ ಕಡೆಯ ಪೇದೆ ಓಡಿಬಂದ. "ಯಾರಯ್ಯ ಇವನು? ಎಬ್ಬಿಸಿ!" ಎಂದು ಬಗ್ಗಿದವನು ಕಂಬ ನೋಡಿ ನೆಟ್ಟಗಾದ. "ಎದೆ ತನಕ ನಮ್ಮ ಠಾಣೆ. ಕೆಳಗೆ ಅವರದು. ನಾನೊಬ್ಬನೇ ಎಬ್ಬಿಸಿದ್ರೆ ನಾಳೆ ಮೇಲಿನವರು ನನ್ನನ್ನ ಎಬ್ಬಿಸ್ತಾರೆ." ಆ ಕಡೆಯ ಪೇದೆಯೂ ಬಂದ. "ನಾನು ಕಾಲು ಎಳೀತೀನಿ" ಎಂದ.

"ಎಳೀಬೇಡಿ! ಎಳೆದ್ರೆ ತಲೆನೂ ನಿಮ್ಮ ಕಡೆ ಬರುತ್ತೆ, ನನ್ನ ಕೇಸು ಬಿದ್ದುಹೋಗುತ್ತೆ!" ಎಂದು ಹಾಸಿಗೆಯವರು ಕಾರಣನ ತಲೆಯನ್ನು ಅಪ್ಪಿ ಹಿಡಿದರು.

ನಿಂತ ಗಾಡಿಗಳ ಸಾಲಿನಲ್ಲಿ ಒಂದು ಕಾರಿತ್ತು. ಕಾರಿನಿಂದ ಇಳಿದವನು ಬೇರೆ ಯಾರೂ ಅಲ್ಲ, ಲಾಡ್ಜಿನವನು. ಏನು ಎತ್ತ ಎಂದು ಕೇಳಿದ. ಹತ್ತು ಜನ ಹತ್ತು ಬಾಯಲ್ಲಿ ಹೇಳಿದರು: ಕಾರಣ ಹುಟ್ಟಿದ ಜಾಗ ಅಳೆಯುತ್ತಿದ್ದಾರೆ, ಎಲ್ಲಿ ಹುಟ್ಟಿದ್ದಾನೋ ಅಲ್ಲೇ ಕೇಸು. ಲಾಡ್ಜಿನವನ ಮುಖ ಬಿಳಿಚಿತು. "ಅಯ್ಯಯ್ಯೋ! ನನ್ನ ಲಾಯರೂ ಅದೇ ಅಂದಿದ್ರು! ಕಾರಣ ನಮ್ಮ ಕಡೆ ಹುಟ್ಟಿದೆ ಅಂತ ಸಾಧಿಸ್ಬೇಕು ಅಂತ! ಇದಾ ಅದು?" ಎಂದವನೇ ಹೋಗಿ ಎರಡೂ ಕಾಲು ಹಿಡಿದ. "ಇವನು ನಮ್ಮೂರವನು! ಬಿಡ್ರೀ!"

"ತಲೆ ನಮ್ದು! ಮನುಷ್ಯ ಅಂದ್ರೆ ತಲೆ!"

"ಕಾಲಿಲ್ದೆ ನಿಲ್ತಾನೇನ್ರೀ?"

"ಇವನು ಯಾವತ್ತು ನಿಂತಿದಾನೆ?"

ಹುಟ್ಟಿದಾಗಿನಿಂದ ಒಬ್ಬರಿಗೂ ಬೇಡವಾಗಿದ್ದ ಕಾರಣನಿಗಾಗಿ ಆವತ್ತು ಎರಡೂ ಊರಿನವರು ಕಿತ್ತಾಡಿದರು. ಅತ್ತೆ ಕಣ್ಣೀರು ಒರೆಸಿಕೊಂಡು, "ನೋಡ್ರಪ್ಪಾ, ನನ್ನ ಮಗನ ಬೆಲೆ ಈಗ ಗೊತ್ತಾಯ್ತಾ!" ಎಂದು ಎಲ್ಲರಿಗೂ ತೋರಿಸುತ್ತಿದ್ದರು. ಕಾರಣ ನಿದ್ದೆಯಲ್ಲೇ ಒಂದು ಸಲ ಮಗ್ಗುಲಾದ. ಇಬ್ಬರೂ ಉರುಳಿಬಿದ್ದರು. ಇಬ್ಬರು ಪೇದೆಗಳೂ ಸೇರಿ ಅವನನ್ನು ಒಟ್ಟಿಗೆ ಎತ್ತಿ ನನ್ನ ಸ್ಕೂಟರಿಗೆ ಒರಗಿಸಿದರು. ಸ್ಕೂಟರಿನ ಕನ್ನಡಿ ಮುರಿದದ್ದು ಆಗಲೇ. ಅದರ ದುಡ್ಡು ಯಾರು ಕೊಡಬೇಕೆಂದು ನಾನು ಇವತ್ತಿಗೂ ಕೇಳಿಲ್ಲ, ಕೇಳುವುದೂ ಇಲ್ಲ. ಮುರಿದದ್ದು ಗಡಿಯ ಯಾವ ಕಡೆ ಎಂದು ಮೊದಲು ತಿಳಿಯಬೇಕಲ್ಲ.

ದಾವೆ ನಮ್ಮೂರಿನಲ್ಲೇ ದಾಖಲಾಯಿತು. 'ಕಾರಣವು ಭಾಗಶಃ ಈ ನ್ಯಾಯಾಲಯದ ವ್ಯಾಪ್ತಿಯಲ್ಲಿ ಹುಟ್ಟಿರುತ್ತದೆ' ಎಂದು ಲಾಯರು ತಮ್ಮ ಅರ್ಥದಲ್ಲಿ ಬರೆದರು. ಹಾಸಿಗೆಯವರು ತಮ್ಮ ಅರ್ಥದಲ್ಲಿ ಸಹಿ ಮಾಡಿದರು. ಲಾಡ್ಜಿನವನು ಉತ್ತರ ಹಾಕಿದ: ತಾನು ಆ ಅಂಗಡಿಗೆ ಕಾಲೇ ಇಟ್ಟಿಲ್ಲ, ಆರ್ಡರ್ ಹೋದದ್ದು ತನ್ನ ಲಾಡ್ಜಿನಿಂದ ಫೋನಿನಲ್ಲಿ, ದುಡ್ಡು ಕೊಡಬೇಕಾಗಿದ್ದದ್ದೂ ಲಾಡ್ಜಿನಲ್ಲೇ, ಆದ್ದರಿಂದ ಕೇಸು ತನ್ನೂರಿಗೆ ಹೋಗತಕ್ಕದ್ದು. ನಮ್ಮ ಕಡೆ ಬಿಲ್ಲಿಲ್ಲ. ಆ ಊರಿಗೆ ಕೇಸು ಹೋದರೆ ದುಡ್ಡೂ ಇಲ್ಲ, ಹತ್ತಿಯೂ ಇಲ್ಲ, ಅಂಗಡಿಗೆ ಬೀಗ. ಲಾಯರು ಹಣೆ ಒತ್ತಿಕೊಂಡು, "ಅವನು ಅಂಗಡಿಗೆ ಬಂದಿದ್ದು ಸಾಬೀತಾಗದಿದ್ರೆ ಕಷ್ಟ" ಎಂದರು. ಹಾಸಿಗೆಯವರು "ನಮ್ಮ ಹತ್ರ ಕಂಡಕ್ಟರ್ ಇದ್ದಾನೆ ಸಾರ್" ಎಂದು ಸಮಾಧಾನ ಹೇಳಿದರು.

ವಿಚಾರಣೆಯ ದಿನ ಕಾರಣನನ್ನೂ ಕರೆದುಕೊಂಡು ಹೋಗಿದ್ದೆವು. ಹಿಂದಿನ ಬೆಂಚಿನಲ್ಲಿ ಕೂತ, ಒರಗಿದ, ಮುಗಿಯಿತು. ನ್ಯಾಯಾಧೀಶರು ತೆಳ್ಳಗಿನ ಹೆಂಗಸು. ಅವರ ಕನ್ನಡಕದ ಮೇಲಿಂದ ಬರುವ ನೋಟಕ್ಕೆ ಫ್ಯಾನೂ ನಿಧಾನವಾಗುವಂತಿತ್ತು. ಹಾಸಿಗೆಯವರನ್ನು ಕಟಕಟೆಗೆ ಕರೆದರು.

"ಕಾರಣ ಎಲ್ಲಿ ಹುಟ್ಟಿತು ಹೇಳಿ."

"ತಲೆ ನಮ್ಮ ಕಡೆ ಹುಟ್ಟಿತು ಮಹಾಸ್ವಾಮಿ. ಕಾಲು ಅವರ ಕಡೆ."

ಟೈಪಿಸ್ಟ್ ಟೈಪ್ ಮಾಡುವುದನ್ನು ನಿಲ್ಲಿಸಿದ. ನಮ್ಮ ಲಾಯರ ಕೈಯಿಂದ ಫೋನು ಜಾರಿ ಬಿತ್ತು. ಜೀವಮಾನದಲ್ಲಿ ಮೊದಲ ಬಾರಿಗೆ ಅವರ ಎರಡೂ ಕಿವಿ ಕಕ್ಷಿದಾರನಿಗೆ ಸಿಕ್ಕಿದ್ದವು.

"ಯಾವುದರ ತಲೆ?" ಎಂದರು ನ್ಯಾಯಾಧೀಶರು.

"ಕಾರಣನ ತಲೆ. ಅಗೋ, ಅಲ್ಲಿ ಮಲಗಿದ್ದಾನೆ."

ಇಡೀ ಕೋರ್ಟು ತಿರುಗಿ ನೋಡಿತು. ಒಂದು ಗೊರಕೆ ಸ್ಪಷ್ಟವಾಗಿ ಕೇಳಿಸಿತು. ನ್ಯಾಯಾಧೀಶರು ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡರು. "ಮಲಗಿರೋ ಈ ಮನುಷ್ಯನಿಗೂ ಹಾಸಿಗೆ ದುಡ್ಡಿಗೂ ಏನು ಸಂಬಂಧ?"

ಅಷ್ಟು ಸಾಕಾಯಿತು. ಲಾಡ್ಜಿನವನು ಎದ್ದು ನಿಂತ. ಅವನ ಲಾಯರು ಕೋಟು ಹಿಡಿದು ಜಗ್ಗಿದರೂ ನಿಲ್ಲಲಿಲ್ಲ.

"ಸಂಬಂಧ ಇಲ್ದೆ ಏನು ಮಹಾಸ್ವಾಮಿ! ಎಲ್ಲಾದಕ್ಕೂ ಇವನೇ ಕಾರಣ! ಆವತ್ತು ಇವರ ಅಂಗಡಿ ಬಾಗಿಲಲ್ಲಿ ಇವನು ಮಲಗಿದ್ದ ವೈಖರಿ ನೋಡಬೇಕಿತ್ತು. ರಾಜನ ಹಾಗೆ! ಅದನ್ನ ನೋಡಿ ಮರುಳಾಗಿ, ಇಂಥ ನಿದ್ದೆ ಬರೋ ಹಾಸಿಗೆ ನಲವತ್ತು ಕೊಡಿ ಅಂತ ಅಲ್ಲೇ ನಿಂತು ಹೇಳಿದೆ. ದುಡ್ಡು ಇಲ್ಲಿಗೇ ತಂದುಕೊಡ್ತೀನಿ ಅಂತ ಅಲ್ಲೇ ಮಾತು ಕೊಟ್ಟೆ. ಆಮೇಲೆ ಗೊತ್ತಾಯ್ತು, ಇವನಿಗೆ ಕಲ್ಲಿನ ಮೇಲೂ ನಿದ್ದೆ ಬರುತ್ತೆ ಅಂತ! ಇದು ಮೋಸ ಅಲ್ವಾ?"

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಅವನ ಲಾಯರು ಕೋಟು ಬಿಟ್ಟು ತಮ್ಮ ತಲೆ ಹಿಡಿದುಕೊಂಡರು.

"ಅಲ್ಲೇ ಅಂದ್ರೆ ಎಲ್ಲಿ?" ನ್ಯಾಯಾಧೀಶರ ದನಿ ತುಂಬ ಮೃದುವಾಗಿತ್ತು.

"ಇವರ ಅಂಗಡೀಲಿ."

"ಅಂದ್ರೆ ಈ ಊರಲ್ಲಿ. ದುಡ್ಡು ಕೊಟ್ರಾ?"

"ಇನ್ನೂ... ಇಲ್ಲ."

"ಬರ್ಕೊಳ್ಳಿ" ಎಂದರು ನ್ಯಾಯಾಧೀಶರು. "ಪ್ರತಿವಾದಿಯ ಮಾತಿನಂತೆಯೇ ಕಾರಣ ಹುಟ್ಟಿರುವುದು ವಾದಿಯ ಅಂಗಡಿಯಲ್ಲಿ. ಈ ನ್ಯಾಯಾಲಯಕ್ಕೆ ವ್ಯಾಪ್ತಿ ಇದೆ."

ಗೆದ್ದಿದ್ದೆವು. ಇನ್ನೇನು ಬೇಕಿತ್ತು? ಆದರೆ ಹಾಸಿಗೆಯವರು ಸತ್ಯಕ್ಕೆ ಅಂಜುವ ಮನುಷ್ಯ. ಕೈ ಮುಗಿದು, "ತಪ್ಪಾಯ್ತು ಮಹಾಸ್ವಾಮಿ, ಅಂಗಡೀಲಲ್ಲ, ಬಸ್ಸಲ್ಲಿ..." ಎಂದರು. ನಮ್ಮ ಲಾಯರು ಓಡಿಹೋಗಿ ಎರಡೂ ಕೈಯಿಂದ ಅವರ ಬಾಯಿ ಮುಚ್ಚಿದರು. ಆಗ ಹಿಂದಿನ ಸಾಲಿನಿಂದ ಅತ್ತೆ ಎದ್ದರು. "ಅಂಗಡೀಲಿ ಹೆರೋಕೆ ನಾನೇನು ಗತಿಗೆಟ್ಟೋಳೇನಮ್ಮ?" ಅವರ ಬಾಯಿ ಮುಚ್ಚುವ ಕೆಲಸ ನನ್ನ ಪಾಲಿಗೆ ಬಂತು. ಕಂಡಕ್ಟರ್ ಸಂತೋಷಕ್ಕೆ ಸೀಟಿ ಊದಿದ. ನಮ್ಮೆಲ್ಲರನ್ನೂ ಒಟ್ಟಿಗೆ ಹೊರಗೆ ಹಾಕಿದರು.

ಒಪ್ಪಿಕೊಂಡ ಮೇಲೆ ಎಳೆದಾಡುವುದಕ್ಕೆ ಏನಿದೆ? ಕೆಲವು ತಿಂಗಳಲ್ಲಿ ಅವನು ದುಡ್ಡು ಕೊಡತಕ್ಕದ್ದೆಂದು ಡಿಕ್ರಿಯಾಯಿತು. ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎನ್ನುವ ಮಾತೂ ಸುಳ್ಳಾಗಲಿಲ್ಲ. ಏಕೆಂದರೆ ಲಾಡ್ಜಿನವನು ದುಡ್ಡು ಕಟ್ಟುವಾಗ ನಲವತ್ತಕ್ಕೂ ಕಟ್ಟಿಬಿಟ್ಟ. ಹಾಸಿಗೆಯವರು ತಮ್ಮ ಹೆಂಡತಿಯ ಹಾಸಿಗೆಯನ್ನು ವಾಪಸ್ ಕೇಳಿದಾಗ ಹಲ್ಲು ಕಿರಿದ. "ನಲವತ್ತಕ್ಕೂ ಕೊಟ್ಟಾಯ್ತಲ್ಲ, ಇನ್ನು ಎಲ್ಲಾ ನಂದು. ಬೇಕಿದ್ರೆ ಕೇಸ್ ಹಾಕಿ. ಹಾಸಿಗೆ ಇರೋದು ನಮ್ಮ ಕಡೆ!"

ಹತ್ತಿ ಬಂತು. ಹಾಸಿಗೆಯವರು ಹೆಂಡತಿಗೆ ಹೊಸ ಹಾಸಿಗೆ ಹೊಲಿದರು. ಆಕೆ ಅದರ ಮೇಲೆ ಕೂತೂ ನೋಡಲಿಲ್ಲ. "ಎಲ್ಲರೂ ಗೆದ್ರಿ, ಸಂತೋಷ" ಎಂದು ಒಳಗೆ ಹೋಗಿ ನೆಲದ ಮೇಲೆ ಮಲಗಿದರು. ಬೆಳಿಗ್ಗೆ ಮತ್ತೆ ಅದೇ "ಅಯ್ಯೋ". ಬಾಗಿಲ ಬಳಿಯ ಹಾಸಿಗೆಯ ಮೇಲೆ ಕಾರಣ ಕಣ್ಣು ಬಿಟ್ಟು ಮಲಗಿದ್ದನ್ನು ನಾನು ಆವತ್ತು ಮೊದಲ ಸಲ ನೋಡಿದೆ. ಮಧ್ಯಾಹ್ನದ ಹೊತ್ತಿಗೆ ಅವನ ಜಾಗ ಖಾಲಿಯಾಗಿತ್ತು.

ಹೋದದ್ದು ಎಲ್ಲಿಗೆಂದು ಆಮೇಲೆ ತಿಳಿಯಿತು. ಸೇತುವೆ ದಾಟಿ ಲಾಡ್ಜಿಗೆ ಹೋಗಿ, ಹಾಸಿಗೆ ತೋರಿಸಿ ಎಂದನಂತೆ. ರೂಮು ರೂಮಿನ ಹಾಸಿಗೆಯ ಮೇಲೂ ಒಂದೊಂದು ಕ್ಷಣ ಮಲಗಿ ಎದ್ದನಂತೆ. ಒಂದರ ಮೇಲೆ ಮಲಗಿದವನು ಏಳಲಿಲ್ಲ. ಅದು ಅಕ್ಕನದು. ಕಣ್ಣು ಮುಚ್ಚಿ ಹಾಸಿಗೆ ಗುರುತು ಹಿಡಿಯುವ ವಿದ್ಯೆಯಲ್ಲಿ ಅವನಿಗೆ ಸಮಾನರು ಯಾರಿದ್ದಾರೆ! ಲಾಡ್ಜಿನವನು ಬಂದು ಬಾಡಿಗೆ ಕೇಳಿದ. ಕಾರಣ ಒಂದು ಕಣ್ಣು ಮಾತ್ರ ತೆರೆದನಂತೆ.

"ಬಾಡಿಗೆ ಬೇಕಾದ್ರೆ ವಸೂಲಿಗೆ ದಾವೆ ಹಾಕಿ. ಆದ್ರೆ ಪ್ರತಿವಾದಿ ಎಲ್ಲಿ ವಾಸ ಇದ್ದಾನೋ ಅಲ್ಲಿ ಹಾಕ್ಬೇಕು. ನಾನು ವಾಸ ಇರೋದು ಆ ಕಡೆ. ಅದೇ ಕೋರ್ಟು, ಅದೇ ಅಮ್ಮಾವರು."

ಅವನು ಹೇಳಿದ ಕಾನೂನು ಪೂರ್ತಿ ಸರಿಯಲ್ಲವಂತೆ. ಲಾಯರು ಆಮೇಲೆ ನನಗೆ ಹೇಳಿದರು. ಆದರೆ ಆ ಅಮ್ಮಾವರ ಕನ್ನಡಕ ನೆನೆಸಿಕೊಂಡೇ ಲಾಡ್ಜಿನವನಿಗೆ ಬೆವರು ಕಿತ್ತುಬಂದಿತ್ತು. ಎಬ್ಬಿಸಿ ನೋಡಿದರು. ನೀರು ಹಾಕಿ ನೋಡಿದರು. ಎರಡೂ ಊರಿನ ಪೇದೆಗಳಿಂದ ಆಗದ್ದು ಲಾಡ್ಜಿನ ಆಳುಗಳಿಂದ ಆದೀತೇ? ಮೂರನೆಯ ದಿನ ಲಾಡ್ಜಿನವನು ಕೈ ಮುಗಿದು, ಅವನನ್ನು ಹಾಸಿಗೆ ಸಮೇತ ಎತ್ತಿಸಿ ಕೈಗಾಡಿಗೆ ಹಾಕಿಸಿ ಕಳಿಸಿದ.

ಗಾಡಿ ಬಂದು ಅಂಗಡಿಯ ಮುಂದೆ ನಿಂತಾಗ ಬೀದಿಗೆ ಬೀದಿಯೇ ಸೇರಿತು. ಕಂಡಕ್ಟರ್ ಸೀಟಿ ಊದಿದ. ಆಕೆ ಸೊಂಟ ಹಿಡಿದುಕೊಂಡು ಹೊರಗೆ ಬಂದರು. ಹೊಸ ಹೊದಿಕೆಯ ಒಂದು ಮೂಲೆ ಸರಿಸಿ, ಹಳೆಯ ಬಟ್ಟೆಯ ಮೇಲೆ ಕೈಯಾಡಿಸಿ, "ನಂದೇ" ಎಂದರು. ಆಮೇಲೆ ತಮ್ಮನ ತಲೆಯ ಮೇಲೆ ಒಂದು ಮೊಟಕಿ, "ಏಳೋ, ಮೂರು ದಿನದಿಂದ ಏನಾದ್ರೂ ತಿಂದಿದ್ದೀಯೇನೋ?" ಎಂದರು. ಕಾರಣ ಎದ್ದ. ತನ್ನಷ್ಟಕ್ಕೆ ತಾನೇ ಎದ್ದ. "ಅಕ್ಕಾ, ನಿಂದು ಸ್ವಲ್ಪ ಎಡಗಡೆ ತಗ್ಗಿದೆ. ಆದ್ರೆ ಒಳ್ಳೇ ಹಾಸಿಗೆ" ಎಂದು ಒಳಗೆ ಹೋಗಿ ತಟ್ಟೆ ಹಾಕಿಕೊಂಡು ಕೂತ.

ಹಾಸಿಗೆಯನ್ನು ಒಳಗೆ ಹೊತ್ತುಕೊಂಡು ಹೋಗಿ ಹಾಸಿದವರು ನಾನೂ ಹಾಸಿಗೆಯವರೂ. ಆಕೆ ಮಲಗಿ, ಕಾಲು ಚಾಚಿ, ಕಣ್ಣು ಮುಚ್ಚಿ, "ಅಮ್ಮಾ" ಎಂದರು. ಅಷ್ಟು ದಿನ ಕೇಳಿದ "ಅಯ್ಯೋ"ಗಳಿಗೆಲ್ಲ ಅದೊಂದೇ ಉತ್ತರ. ಹಾಸಿಗೆಯವರು ಪಕ್ಕದ ನೆಲದ ಮೇಲೆ ಕೂತು, ಕಾಲು ನೀಡಿ, ನನಗೆ ಏನೋ ದೊಡ್ಡ ಸತ್ಯ ಹೇಳುವವರಂತೆ ಹೇಳಿದರು:

"ನೋಡಿ ಮೇಷ್ಟ್ರೇ, ಎಲ್ಲಾ ತಲೆ ಮಹಿಮೆ. ಇವನ ತಲೆ ಮೊದಲು ನಮ್ಮ ಕಡೆ ಬಂತು, ನಾವು ಗೆದ್ವಿ. ಕಾಲು ಮೊದಲು ಬಂದಿದ್ರೆ ಏನು ಗತಿ?"

"ಕಾಲು ಅಂದ್ರಲ್ಲ" ಎಂದರು ಆಕೆ, ಕಣ್ಣು ತೆರೆಯದೆ. "ನಿಮ್ಮದು ನನ್ನ ಹಾಸಿಗೆ ಮೇಲಿದೆ. ತೆಗೀರಿ. ಇದು ನಿಮ್ಮ ವ್ಯಾಪ್ತಿಗೆ ಬರಲ್ಲ."